ಹುಕ್ ಡಿಎಲ್‌ಎಲ್ ಫೈಲುಗಳು: ಪದೇ ಪದೇ ಕೇಳುವ ಪ್ರಶ್ನೆಗಳು

ಪ್ರೋಗ್ರಾಂ ಫೋಲ್ಡರಿನಲ್ಲಿ ‘ಕೀಹುಕ್’, ‘ಮೌಸ್‌ಹುಕ್’ ಎಂಬಂಥ ಡಿಎಲ್‌ಎಲ್ ಫೈಲಿನ (ಪ್ರೋಗ್ರಾಮುಗಳು ಬೇಕಾದಾಗ ತಮ್ಮೊಳಗೆ ಸೇರಿಸಿಕೊಂಡು ಬಳಸುವ ಕೋಡಿನ ಕಟ್ಟು) ಹೆಸರು ಕಣ್ಣಿಗೆ ಬಿದ್ದು ಎದೆ ಧಸಕ್ಕೆಂದವರು ಒಂದು ಕಡೆ. ತಾವೇ ಅಂಥದ್ದೊಂದನ್ನು ಬರೆಯಲು ಹೋಗಿ ಕೀಬೋರ್ಡೇ ಮುಷ್ಕರ ಹೂಡಿದ್ದನ್ನು ಕಂಡವರು ಇನ್ನೊಂದು ಕಡೆ. ನನಗೆ ಪ್ರಶ್ನೆಗಳು ಬರುವುದು ಹೆಚ್ಚಾಗಿ ಈ ಎರಡು ಗುಂಪಿನಿಂದ. ಉತ್ತರಗಳು ಬಹುಪಾಲು ವಿಂಡೋಸಿಗೆ ಸಂಬಂಧಿಸಿದವು; ಲಿನಕ್ಸ್, ಮ್ಯಾಕ್ ಬಳಸುವವರಿಗೂ ಒಂದು ಪ್ರಶ್ನೆ ಇದೆ.

ಹೆಸರಲ್ಲೇ ‘ಹುಕ್’ ಅಂತ ಇದೆ. ವೈರಸ್ಸೇ ಇರಬೇಕಲ್ಲವೆ?

ಹೆಸರು ನೋಡಿ ಹೇಳಲಾಗದು. ಕದಿಯಲು ಬಂದವನು ಎದೆಯ ಮೇಲೆ ‘ಕಳ್ಳ’ ಎಂದು ಚೀಟಿ ಅಂಟಿಸಿಕೊಂಡು ಬರುವುದಿಲ್ಲ. ಕೆಟ್ಟ ಫೈಲುಗಳು ಸಾಮಾನ್ಯವಾಗಿ ವಿಂಡೋಸಿನದೇ ಯಾವುದೋ ಫೈಲಿನ ಹೆಸರನ್ನೋ, ಅದರಲ್ಲಿ ಒಂದಕ್ಷರ ಆಚೀಚೆ ಮಾಡಿದ ಹೆಸರನ್ನೋ ಇಟ್ಟುಕೊಳ್ಳುತ್ತವೆ. ರಾಜಾರೋಷವಾಗಿ ‘ಹುಕ್’ ಎಂದು ಬರೆದುಕೊಂಡದ್ದು ಬಹಳ ಸಲ ಮೌಸ್ ಜತೆ ಬಂದ ತಂತ್ರಾಂಶದ್ದೋ, ಸ್ಕ್ರೀನ್‌ಶಾಟ್ ತೆಗೆಯುವ ಸಣ್ಣ ಪ್ರೋಗ್ರಾಮಿನದ್ದೋ ಆಗಿರುತ್ತದೆ. ಹೆಸರಿಗಿಂತ ಮುಖ್ಯವಾದವು ಮೂರು: ಅದು ಯಾವ ಫೋಲ್ಡರಿನಲ್ಲಿ ಕೂತಿದೆ, ಅದಕ್ಕೆ ಯಾರ ಡಿಜಿಟಲ್ ಸಹಿ ಇದೆ, ಅದನ್ನು ಯಾರು ಲೋಡ್ ಮಾಡಿದರು. ಪತ್ತೆ ಹಚ್ಚುವ ಬಗೆ ಮುಂದೆ ಬರುತ್ತದೆ.

ಹುಕ್ ಅಂದರೆ ನಿಜವಾಗಿ ಏನು?

ನೀವು ಒಂದು ಕೀಲಿ ಒತ್ತಿದಿರಿ ಎನ್ನಿ. ಕೀಬೋರ್ಡ್ ಆ ಕೀಲಿಯ ಸಂಖ್ಯೆಯನ್ನು ಕಳಿಸುತ್ತದೆ, ಡ್ರೈವರ್ ಅದನ್ನು ತೆಗೆದುಕೊಳ್ಳುತ್ತದೆ, ವಿಂಡೋಸ್ ಅದನ್ನು ತನ್ನ ಇನ್‌ಪುಟ್ ಸಾಲಿನಲ್ಲಿ ನಿಲ್ಲಿಸುತ್ತದೆ. ಈಗ ಯಾವ ವಿಂಡೋ ಮುಂದಿದೆ ಎಂದು ನೋಡಿ, ಆ ವಿಂಡೋ ಯಾವ ಥ್ರೆಡ್ಡಿಗೆ (ಪ್ರೋಗ್ರಾಮಿನೊಳಗೆ ಕೆಲಸ ನಡೆಸುವ ಒಂದು ಎಳೆ) ಸೇರಿದೆಯೋ ಅದರ ಸಾಲಿಗೆ ಒಂದು ಮೆಸೇಜಾಗಿ ಹಾಕುತ್ತದೆ. ಪ್ರೋಗ್ರಾಂ ತನ್ನ ಸಾಲಿನಿಂದ ಮೆಸೇಜ್ ಎತ್ತಿಕೊಂಡ ಮೇಲೆಯೇ ಪರದೆಯ ಮೇಲೆ ಅಕ್ಷರ ಮೂಡುವುದು. ನಮಗೆ ಕಣ್ಣು ಮಿಟುಕಿಸುವಷ್ಟರಲ್ಲಿ ಮುಗಿದುಹೋಗುವ ಕೆಲಸ. ಯಂತ್ರಕ್ಕೆ ಅದೊಂದು ದೊಡ್ಡ ಪ್ರಯಾಣ.

ಈ ದಾರಿಯಲ್ಲಿ ವಿಂಡೋಸ್ ತಾನಾಗಿಯೇ ಕೆಲವು ಗೇಟುಗಳನ್ನು ಬಿಟ್ಟಿದೆ. ಯಾವುದೇ ಪ್ರೋಗ್ರಾಂ ಬಂದು ‘ಇಲ್ಲಿ ಹಾದುಹೋಗುವುದನ್ನೆಲ್ಲ ಮೊದಲು ನನಗೆ ತೋರಿಸಿ’ ಎಂದು ಕೇಳಿಕೊಳ್ಳಬಹುದು. ಹಾಗೆ ಕೇಳುವ ಫಂಕ್ಷನ್ನಿನ ಹೆಸರು ಸೆಟ್‌ವಿಂಡೋಸ್‌ಹುಕ್‌ಎಕ್ಸ್. ಕೇಳಿಕೊಂಡವರು ಒಬ್ಬರಿಗಿಂತ ಹೆಚ್ಚಿದ್ದರೆ ಅವರದೊಂದು ಸರಪಳಿಯಾಗುತ್ತದೆ, ಕೊನೆಗೆ ಬಂದವನಿಗೆ ಮೊದಲ ಸರದಿ. ಕೈಗೆ ಬಂದದ್ದನ್ನು ಸುಮ್ಮನೆ ನೋಡಿ ಮುಂದಕ್ಕೆ ದಾಟಿಸಬಹುದು, ನುಂಗಿಬಿಡಬಹುದು, ನುಂಗಿ ಅದರ ಜಾಗಕ್ಕೆ ಬೇರೊಂದನ್ನು ಕಳಿಸಬಹುದು. ದಾಟಿಸಲು ಕಾಲ್‌ನೆಕ್ಸ್ಟ್‌ಹುಕ್‌ಎಕ್ಸ್ ಎಂಬ ಇನ್ನೊಂದು ಫಂಕ್ಷನ್ ಇದೆ. ಅದನ್ನು ಕರೆಯುವುದನ್ನು ಮರೆತವನಿಂದಾಗಿ ಹಿಂದೆ ನಿಂತವರಿಗೆ ಏನೂ ತಲುಪುವುದಿಲ್ಲ. ದೇವರು ವರ ಕೊಟ್ಟರೂ ಪೂಜಾರಿ ಕೊಡ ಎನ್ನುತ್ತಾರಲ್ಲ, ಅದೇ ಕತೆ: ಕೀಬೋರ್ಡ್ ಸರಿಯಿದೆ, ವಿಂಡೋಸ್ ಸರಿಯಿದೆ, ನಡುವೆ ನಿಂತವನು ಬಿಡುತ್ತಿಲ್ಲ.

ಕೀಲಿ ಮತ್ತು ಮೌಸಿಗೆ ಮಾತ್ರ ಈ ಗೇಟುಗಳಿವೆ ಎಂದುಕೊಳ್ಳಬೇಡಿ. ವಿಂಡೋ ಹುಟ್ಟುವಾಗ, ಮುಚ್ಚುವಾಗ, ಮುಂದೆ ಬರುವಾಗ ಕರೆಸಿಕೊಳ್ಳುವ ಹುಕ್ ಬೇರೆ. ಥ್ರೆಡ್ಡಿನ ಸಾಲಿನಿಂದ ಮೆಸೇಜ್ ಎತ್ತಿಕೊಳ್ಳುವ ಗಳಿಗೆಯಲ್ಲಿ ಕೈ ಹಾಕುವ ಹುಕ್ ಬೇರೆ.

ಇದಕ್ಕೆ ಡಿಎಲ್‌ಎಲ್ ಯಾಕೆ ಬೇಕು? ಪ್ರೋಗ್ರಾಮಿನ ಒಳಗೇ ಬರೆದುಕೊಂಡರೆ ಆಗದೆ?

ಒಂದು ಪ್ರೊಸೆಸ್ಸಿನ (ಅಂದರೆ ಓಡುತ್ತಿರುವ ಪ್ರೋಗ್ರಾಮಿನ) ಮೆಮೊರಿ ಇನ್ನೊಂದಕ್ಕೆ ಕಾಣುವುದಿಲ್ಲ. ನಿಮ್ಮ ಪ್ರೋಗ್ರಾಮಿನಲ್ಲಿರುವ ಫಂಕ್ಷನ್ನಿನ ವಿಳಾಸ ನಿಮ್ಮ ಪ್ರೋಗ್ರಾಮಿಗಷ್ಟೇ ಅರ್ಥವಾಗುವ ಸಂಖ್ಯೆ. ಬ್ರೌಸರ್ ಒಳಗೆ ಅದೇ ವಿಳಾಸದಲ್ಲಿ ಬೇರೇನೋ ಇರುತ್ತದೆ, ಇಲ್ಲವೆ ಏನೂ ಇರುವುದಿಲ್ಲ. ಬ್ರೌಸರಿನ ಥ್ರೆಡ್ಡಿನಲ್ಲಿ ನಿಮ್ಮ ಕೋಡ್ ನಡೆಯಬೇಕಾದರೆ ಅದು ಬ್ರೌಸರಿನ ಮೆಮೊರಿಯಲ್ಲೇ ಇರಬೇಕು. ಹಾಗೆ ಬೇರೆಯವರ ಮನೆಯೊಳಗೆ ಹೋಗಿ ಕೂರಬಲ್ಲ ರೂಪವೇ ಡಿಎಲ್‌ಎಲ್. ಎಲ್ಲ ಪ್ರೋಗ್ರಾಮುಗಳಿಗೂ ಅನ್ವಯಿಸುವ ಹುಕ್ ಹಾಕಿದಾಗ ವಿಂಡೋಸ್ ಆ ಫೈಲನ್ನು ಒಂದೊಂದೇ ಪ್ರೊಸೆಸ್ಸಿನೊಳಕ್ಕೆ ಎಳೆದು ತರುತ್ತದೆ. ನೀವು ಒಂದೇ ಒಂದು ಪ್ರೋಗ್ರಾಂ ಹಾಕಿಕೊಂಡಿದ್ದರೂ ಅದರ ಡಿಎಲ್‌ಎಲ್ ಹತ್ತಾರು ಕಡೆ ಕಾಣಿಸುವುದು ಇದರಿಂದಲೇ. ಅದು ತಾನಾಗಿ ಹರಡಿದ್ದಲ್ಲ. ವಿಂಡೋಸೇ ಕೈಹಿಡಿದು ಕರೆದೊಯ್ದದ್ದು.

ಇದಕ್ಕೊಂದು ಅಪವಾದವಿದೆ, ಅದನ್ನು ತಿಳಿದಿದ್ದರೆ ಮುಂದಿನ ಎಷ್ಟೋ ಗೊಂದಲ ತಪ್ಪುತ್ತದೆ. ‘ಲೋ ಲೆವೆಲ್’ ಎಂಬ ಹೆಸರಿನ ಕೀಬೋರ್ಡ್ ಮತ್ತು ಮೌಸ್ ಹುಕ್‌ಗಳು ಯಾರ ಮನೆಗೂ ಹೋಗುವುದಿಲ್ಲ. ಪ್ರತಿ ಕೀಲಿಗೂ ವಿಂಡೋಸೇ ಹುಕ್ ಹಾಕಿದ ಥ್ರೆಡ್ಡಿಗೆ ಬಂದು ‘ಇದನ್ನು ಬಿಡಲೇ?’ ಎಂದು ಕೇಳಿಕೊಂಡು ಹೋಗುತ್ತದೆ. ಇವಕ್ಕೆ ಪ್ರತ್ಯೇಕ ಡಿಎಲ್‌ಎಲ್ ಬೇಕಿಲ್ಲ. ಈಗ ಬರೆಯುವ ಕೀಬೋರ್ಡ್ ಸಾಧನಗಳಲ್ಲಿ ಬಹಳಷ್ಟು ಈ ದಾರಿಯನ್ನೇ ಹಿಡಿದಿವೆ.

ಒಂದೇ ಹುಕ್ಕಿಗೆ ಎರಡು ಫೈಲ್ ಇವೆ, ಒಂದರ ಹೆಸರಿನ ಕೊನೆಗೆ 32, ಇನ್ನೊಂದಕ್ಕೆ 64. ಯಾವುದನ್ನು ಉಳಿಸಿಕೊಳ್ಳಲಿ?

ಎರಡೂ ಬೇಕು. 32 ಬಿಟ್ ಡಿಎಲ್‌ಎಲ್ 64 ಬಿಟ್ ಪ್ರೊಸೆಸ್ಸಿನೊಳಗೆ ಹೋಗಲಾರದು, ಆ ಕಡೆಯಿಂದ ಈ ಕಡೆಗೂ ಅಷ್ಟೆ. ಎರಡೂ ಬಗೆಯ ಪ್ರೋಗ್ರಾಮುಗಳು ಒಂದೇ ಯಂತ್ರದಲ್ಲಿ ಓಡುವುದರಿಂದ ಜಾಣ ತಯಾರಕರು ಎರಡನ್ನೂ ಕೊಡುತ್ತಾರೆ.

ಇಂಥ ಫೈಲು ಒಳ್ಳೆಯ ಕೆಲಸಕ್ಕೂ ಬರುತ್ತದೆಯೆ?

ಬರುತ್ತದೆ, ಅದೂ ನೀವು ದಿನಾ ಬಳಸುವ ಕೆಲಸಕ್ಕೆ. ಇಂಗ್ಲಿಷ್ ಕೀಬೋರ್ಡಿನಲ್ಲಿ ಕನ್ನಡ ಮೂಡಿಸುವ ತಂತ್ರಾಂಶವನ್ನೇ ತೆಗೆದುಕೊಳ್ಳಿ. ಹುಕ್ ಬಳಸುವ ಬಗೆಯದಾದರೆ, ನೀವು ಒತ್ತಿದ ‘ಕೆ’ ಕೀಲಿಯನ್ನು ಅದು ನುಂಗಿ ‘ಕ್’ ಕಳಿಸುತ್ತದೆ. ಮುಂದೆ ‘ಎ’ ಒತ್ತಿದಾಗ ಹಿಂದೆ ಕಳಿಸಿದ್ದನ್ನು ಅಳಿಸಿ ‘ಕ’ ಇಡುತ್ತದೆ. ಕೆಲವು ಪ್ರೋಗ್ರಾಮುಗಳಲ್ಲಿ ಅಕ್ಷರ ಒಮ್ಮೆ ಮಿನುಗಿ ಬದಲಾದಂತೆ ಕಾಣುವುದು ಇದೇ ಆಟ.

ಕಣ್ಣು ಕಾಣದವರು ಬಳಸುವ ಸ್ಕ್ರೀನ್ ರೀಡರುಗಳಿಗಂತೂ ಇದು ಜೀವಾಳ. 2006ರಲ್ಲಿ ಶುರುವಾದ, ಉಚಿತವಾಗಿ ಸಿಗುವ ಎನ್‌ವಿಡಿಎ ಬೇರೆ ಪ್ರೋಗ್ರಾಮುಗಳ ಒಳಗೆ ತನ್ನದೊಂದು ಲೈಬ್ರರಿಯನ್ನು ಕೂರಿಸಿಯೇ ಅಲ್ಲಿನ ಪಠ್ಯವನ್ನು ಅಷ್ಟು ಬೇಗ ಓದಿ ಹೇಳುವುದು. ‘ಹುಕ್ ಇರುವುದನ್ನೆಲ್ಲ ಕಿತ್ತುಹಾಕಿ’ ಎಂದು ಸಲಹೆ ಕೊಡುವವರನ್ನು ಕಂಡರೆ ನನಗೆ ಸಿಟ್ಟು ಬರುವುದು ಇದಕ್ಕೇ. ದೂರದ ಕಂಪ್ಯೂಟರನ್ನು ನಡೆಸುವ ಸಾಧನ, ಮೌಸಿನ ಹೆಚ್ಚುವರಿ ಗುಂಡಿಗಳಿಗೆ ಕೆಲಸ ಹಚ್ಚುವ ಸಾಧನ, ಆಟದ ಮೇಲೆ ಫ್ರೇಮ್ ಲೆಕ್ಕ ತೋರಿಸುವ ಪದರ, ಆಂಟಿವೈರಸ್ ಎಲ್ಲವೂ ಯಾವುದೋ ಒಂದು ಬಗೆಯ ಹುಕ್ಕನ್ನು ನೆಚ್ಚಿಕೊಂಡಿವೆ.

ಹಾಗಾದರೆ ನನ್ನ ಪಾಸ್‌ವರ್ಡ್ ಅದಕ್ಕೆ ಕಾಣುತ್ತದೆಯೆ?

ಕೀಬೋರ್ಡ್ ಹುಕ್ ಆಗಿದ್ದರೆ, ಕಾಣುತ್ತದೆ. ಪರದೆಯ ಮೇಲೆ ಚುಕ್ಕೆ ಮೂಡುವುದು ಕೀಲಿ ಹುಕ್ಕನ್ನು ದಾಟಿ ಹೋದ ಮೇಲೆ, ಹಾಗಾಗಿ ಆ ಚುಕ್ಕೆಗಳಿಂದ ಇಲ್ಲಿ ಏನೂ ರಕ್ಷಣೆಯಿಲ್ಲ.

ಆದರೆ ಕೆಲವು ಗಡಿಗಳಿವೆ. ವಿಂಡೋಸಿಗೆ ಲಾಗಿನ್ ಆಗುವ ಪರದೆ ಬೇರೆಯದೇ ಒಂದು ಡೆಸ್ಕ್‌ಟಾಪಿನಲ್ಲಿ ಓಡುತ್ತದೆ. ನೀವು ಕೆಲಸ ಮಾಡುವ ಡೆಸ್ಕ್‌ಟಾಪಿನಲ್ಲಿ ಹಾಕಿದ ಹುಕ್ಕಿಗೆ ಅಲ್ಲಿ ಪ್ರವೇಶವಿಲ್ಲ. ಕಂಟ್ರೋಲ್, ಆಲ್ಟ್, ಡಿಲೀಟ್ ಮೂರನ್ನೂ ಒಟ್ಟಿಗೆ ಒತ್ತಿದರೆ ಅದನ್ನು ಯಾವ ಹುಕ್ಕೂ ನುಂಗಲಾರದು. ವಿಂಡೋಸ್ ವಿಸ್ಟಾ ಬಂದಾಗಿನಿಂದ ಇನ್ನೊಂದು ಬೇಲಿಯೂ ಇದೆ: ಸಾಮಾನ್ಯ ಅಧಿಕಾರದ ಪ್ರೋಗ್ರಾಂ ಅಡ್ಮಿನಿಸ್ಟ್ರೇಟರ್ ಆಗಿ ಓಡುವ ಪ್ರೋಗ್ರಾಮಿಗೆ ಹುಕ್ ಹಾಕಲಾರದು. ಇದನ್ನು ನೀವೇ ನೋಡಬಹುದು. ಕೀಲಿಗಳ ಅರ್ಥ ಬದಲಿಸುವ ಯಾವುದಾದರೂ ಸಾಧನವನ್ನು ಮಾಮೂಲಾಗಿ ಓಡಿಸಿ, ನೋಟ್‌ಪ್ಯಾಡನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆಯಿರಿ. ಆ ವಿಂಡೋದಲ್ಲಿ ಮಾತ್ರ ನಿಮ್ಮ ಶಾರ್ಟ್‌ಕಟ್ ಸತ್ತಂತಿರುತ್ತದೆ. ಪಕ್ಕದ ವಿಂಡೋ ಕ್ಲಿಕ್ಕಿಸಿದರೆ ಮತ್ತೆ ಜೀವ ಬರುತ್ತದೆ. ‘ಸಾಧನ ಕೆಟ್ಟಿದೆ’ ಎಂದು ಎಷ್ಟೋ ಜನ ದೂರುತ್ತಾರೆ. ಕೆಟ್ಟಿಲ್ಲ, ಬೇಲಿ ಕೆಲಸ ಮಾಡುತ್ತಿದೆ.

ದುರುದ್ದೇಶವೇ ಇಲ್ಲದೆಯೂ ಅನಾಹುತವಾಗಬಹುದು ಎಂಬುದಕ್ಕೆ 2017ರ ಮೇ ತಿಂಗಳಲ್ಲಿ ಬಯಲಾದ ಒಂದು ಪ್ರಕರಣ ನನಗೆ ಯಾವಾಗಲೂ ನೆನಪಾಗುತ್ತದೆ. ಎಚ್‌ಪಿ ಲ್ಯಾಪ್‌ಟಾಪುಗಳ ಜತೆ ಬರುತ್ತಿದ್ದ ಕೊನೆಕ್ಸಾಂಟ್ ಕಂಪನಿಯ ಆಡಿಯೋ ತಂತ್ರಾಂಶ, ಮೈಕ್ ಬಂದ್ ಮಾಡುವ ಕೀಲಿ ಒತ್ತಿದರೇ ಎಂದು ತಿಳಿಯಲು ಲೋ ಲೆವೆಲ್ ಕೀಬೋರ್ಡ್ ಹುಕ್ ಹಾಕಿತ್ತು. ಅಷ್ಟು ಮಾಡಿ ಸುಮ್ಮನಿದ್ದರೆ ಯಾರ ತಕರಾರೂ ಇರುತ್ತಿರಲಿಲ್ಲ. ದೋಷ ಹುಡುಕಲೆಂದು ಬರೆದ ಸಾಲುಗಳು ಹಾಗೇ ಉಳಿದು, ಒತ್ತಿದ ಕೀಲಿಯೆಲ್ಲ ‘ಪಬ್ಲಿಕ್’ ಫೋಲ್ಡರಿನ ಒಂದು ಲಾಗ್ ಫೈಲಿಗೆ ಸೇರುತ್ತಿತ್ತು. ಆ ಫೋಲ್ಡರನ್ನು ಆ ಯಂತ್ರದ ಯಾವ ಬಳಕೆದಾರನಾದರೂ ತೆರೆಯಬಹುದು. ಮಾಡ್‌ಜೀರೋ ಎಂಬ ಭದ್ರತಾ ಸಂಸ್ಥೆ ಇದನ್ನು ಹೊರಗೆ ಹಾಕಿತು, ತಿದ್ದುಪಡಿ ಬಂತು. ಒಂದು ಮ್ಯೂಟ್ ಗುಂಡಿಗೋಸ್ಕರ ಇಡೀ ಕೀಬೋರ್ಡನ್ನು ಆಲಿಸುವ ಅಗತ್ಯವೇ ಇತ್ತೆ ಎಂಬ ಪ್ರಶ್ನೆ ಮಾತ್ರ ನನಗೆ ಉಳಿದಿದೆ.

ಕದಿಯುವವರಿಗೆ ಹುಕ್ಕೇ ಬೇಕೆಂದೇನೂ ಇಲ್ಲ ಎನ್ನುವುದನ್ನೂ ಹೇಳಿಬಿಡುತ್ತೇನೆ. ಕೀಲಿಗಳ ಸ್ಥಿತಿಯನ್ನು ಸೆಕೆಂಡಿಗೆ ನೂರಾರು ಸಲ ವಿಚಾರಿಸುತ್ತ ಕೂರುವ ದಾರಿಯೂ ಇದೆ, ಹಿನ್ನೆಲೆಯಲ್ಲೇ ಕೂತು ಕಚ್ಚಾ ಇನ್‌ಪುಟ್ ತರಿಸಿಕೊಳ್ಳುವ ದಾರಿಯೂ ಇದೆ. ‘ಹುಕ್ ಡಿಎಲ್‌ಎಲ್ ಸಿಗಲಿಲ್ಲ, ಆದ್ದರಿಂದ ನಾನು ಸುರಕ್ಷಿತ’ ಎಂಬ ತರ್ಕ ನಿಲ್ಲುವುದಿಲ್ಲ.

ಅನುಮಾನ ಬಂದ ಫೈಲನ್ನು ಪತ್ತೆ ಹಚ್ಚುವುದು ಹೇಗೆ?

ನಾನು ಮೊದಲು ತೆರೆಯುವುದು ಸಿಸ್‌ಇಂಟರ್ನಲ್ಸ್ ಬಳಗದ ಪ್ರೊಸೆಸ್ ಎಕ್ಸ್‌ಪ್ಲೋರರ್. ಆ ಬಳಗ 2006ರಿಂದ ಮೈಕ್ರೋಸಾಫ್ಟಿನದು, ಹಾಗಾಗಿ ಅವರ ತಾಣದಿಂದಲೇ ಇಳಿಸಿಕೊಳ್ಳಿ. ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ‘ಫೈಂಡ್’ ಪಟ್ಟಿಯಲ್ಲಿ ಡಿಎಲ್‌ಎಲ್ ಹುಡುಕುವ ಆಯ್ಕೆ ಒತ್ತಿ, ಬಂದ ಪೆಟ್ಟಿಗೆಯಲ್ಲಿ ಫೈಲಿನ ಹೆಸರು ಬರೆಯಿರಿ. ಅದು ಯಾವ ಯಾವ ಪ್ರೊಸೆಸ್ಸಿನಲ್ಲಿ ಲೋಡ್ ಆಗಿದೆ ಎಂಬ ಪಟ್ಟಿ ಸಿಗುತ್ತದೆ. ಪಟ್ಟಿಯಲ್ಲಿ ಒಂದೇ ಹೆಸರಿದ್ದರೆ ಅದು ಬಹುಮಟ್ಟಿಗೆ ಆ ಪ್ರೋಗ್ರಾಮಿನದೇ ಸ್ವಂತ ಲೈಬ್ರರಿ, ಹೆಚ್ಚು ತಲೆ ಕೆಡಿಸಿಕೊಳ್ಳಬೇಡಿ. ನೋಟ್‌ಪ್ಯಾಡ್, ಎಕ್ಸ್‌ಪ್ಲೋರರ್, ಬ್ರೌಸರ್ ಹೀಗೆ ಒಂದಕ್ಕೊಂದು ಸಂಬಂಧವಿಲ್ಲದ ಹೆಸರುಗಳು ಸಾಲಾಗಿ ಬಂದರೆ ಅದು ಎಲ್ಲ ಕಡೆ ಹೊಕ್ಕಿದೆ ಎಂದರ್ಥ.

ಆಮೇಲೆ ಒಂದು ಸಾಲನ್ನು ಕ್ಲಿಕ್ಕಿಸಿ ಕೆಳಗಿನ ಭಾಗದಲ್ಲಿ ಆ ಡಿಎಲ್‌ಎಲ್ ಮೇಲೆ ಎರಡು ಸಲ ಒತ್ತಿದರೆ ಅದರ ಪೂರ್ತಿ ವಿಳಾಸ ಕಾಣುತ್ತದೆ. ‘ಪ್ರೋಗ್ರಾಂ ಫೈಲ್ಸ್’ ಒಳಗೆ ನಿಮಗೆ ಗೊತ್ತಿರುವ ತಂತ್ರಾಂಶದ ಫೋಲ್ಡರಿನಲ್ಲಿದ್ದರೆ ಅರ್ಧ ನೆಮ್ಮದಿ. ‘ಟೆಂಪ್’ ಫೋಲ್ಡರಿನಿಂದಲೋ, ‘ಆ್ಯಪ್‌ಡೇಟಾ’ ಒಳಗಿನ ಅರ್ಥವಿಲ್ಲದ ಅಕ್ಷರಗಳ ಫೋಲ್ಡರಿನಿಂದಲೋ ಬಂದಿದ್ದರೆ ಎದ್ದು ಕೂರಿ. ‘ಆಪ್ಷನ್ಸ್’ ಪಟ್ಟಿಯಲ್ಲಿ ಸಹಿ ಪರಿಶೀಲಿಸುವ ಆಯ್ಕೆ ಇದೆ, ಅದನ್ನೂ ಹಚ್ಚಿ. ಸಹಿ ಇದ್ದ ಮಾತ್ರಕ್ಕೆ ಸಂಭಾವಿತ ಎನ್ನಲಾಗದು. ಆದರೆ ದೊಡ್ಡ ಕಂಪನಿಯ ಹೆಸರು ಹಾಕಿಕೊಂಡು ಆ ಕಂಪನಿಯ ಸಹಿಯೇ ಇಲ್ಲದ ಫೈಲು ಸಿಕ್ಕರೆ ಅದರ ಬಣ್ಣ ಬಯಲಾದಂತೆಯೇ.

ಹೊಸದೇನನ್ನೂ ಇಳಿಸಿಕೊಳ್ಳಲು ಅನುಮತಿ ಇಲ್ಲದ ಯಂತ್ರವಾದರೆ ಕಮಾಂಡ್ ಪ್ರಾಂಪ್ಟ್ ಸಾಕು. ‘ಟಾಸ್ಕ್‌ಲಿಸ್ಟ್’ ಎಂದು ಬರೆದು, ಜಾಗ ಬಿಟ್ಟು ಓರೆಗೆರೆಯ ಜತೆ ‘ಎಂ’, ಮತ್ತೆ ಜಾಗ ಬಿಟ್ಟು ಡಿಎಲ್‌ಎಲ್ ಹೆಸರು. ಅದೇ ಪಟ್ಟಿ ಬರುತ್ತದೆ, ಅಂದಚಂದ ಕಡಿಮೆ ಅಷ್ಟೆ.

ಇನ್ನೊಂದು ಮೂಲೆ ನೋಡುವುದನ್ನು ಮರೆಯಬೇಡಿ. ವಿಂಡೋಸ್ ತನ್ನ ಸೆಟ್ಟಿಂಗುಗಳನ್ನು ಬರೆದಿಡುವ ರಿಜಿಸ್ಟ್ರಿಯಲ್ಲಿ ‘ಆ್ಯಪ್‌ಇನಿಟ್ ಡಿಎಲ್‌ಎಲ್ಸ್’ ಎಂಬ ಹಳೆಯ ಜಾಗವಿದೆ. ಅಲ್ಲಿ ಹೆಸರು ಬರೆಸಿಕೊಂಡ ಫೈಲು, ವಿಂಡೋ ತೋರಿಸುವ ಹೆಚ್ಚುಕಡಿಮೆ ಪ್ರತಿಯೊಂದು ಪ್ರೋಗ್ರಾಮಿನಲ್ಲೂ ತಾನಾಗಿ ಲೋಡ್ ಆಗುತ್ತಿತ್ತು. ಸೆಟ್‌ವಿಂಡೋಸ್‌ಹುಕ್‌ಎಕ್ಸ್ ಕರೆಯುವ ಶ್ರಮವೂ ಇಲ್ಲ. ವಿಂಡೋಸ್ 8ರಿಂದ ಈಚೆಗೆ ಸೆಕ್ಯೂರ್ ಬೂಟ್ (ಸಹಿಯಿರುವ ತಂತ್ರಾಂಶದಿಂದಷ್ಟೇ ಯಂತ್ರ ಶುರುವಾಗಲು ಬಿಡುವ ರಕ್ಷಣೆ) ಚಾಲೂ ಇದ್ದರೆ ಈ ಬಾಗಿಲು ಮುಚ್ಚಿರುತ್ತದೆ. ಇಲ್ಲದಿದ್ದರೆ ಇನ್ನೂ ತೆರೆಯಬಲ್ಲದು. ತಾನಾಗಿ ಶುರುವಾಗುವುದನ್ನೆಲ್ಲ ಪಟ್ಟಿ ಮಾಡುವ ಸಿಸ್‌ಇಂಟರ್ನಲ್ಸ್‌ನದೇ ಆಟೋರನ್ಸ್ ತೆರೆದರೆ ಇದಕ್ಕೆಂದೇ ಒಂದು ಟ್ಯಾಬ್ ಇದೆ. ಅದು ಖಾಲಿ ಇದ್ದರೆ ಒಳ್ಳೆಯದು.

ಫೈಲನ್ನು ನೇರ ಡಿಲೀಟ್ ಮಾಡಿಬಿಡಲೆ?

ಬೇಡ. ನೆಗಡಿ ಬಂತೆಂದು ಮೂಗು ಕೊಯ್ದಂತಾಗುತ್ತದೆ. ಅದನ್ನು ತಂದ ಪ್ರೋಗ್ರಾಮನ್ನು ಅನ್‌ಇನ್‌ಸ್ಟಾಲ್ ಮಾಡಿ, ಫೈಲು ಅದರ ಜತೆ ಹೋಗುತ್ತದೆ. ಯಾರು ತಂದರೆಂದು ತಿಳಿಯದಿದ್ದರೆ ಮೊದಲು ಆಂಟಿವೈರಸ್ಸಿನಿಂದ ಪರೀಕ್ಷಿಸಿ, ಆಮೇಲೆ ಮುಂದಿನ ಮಾತು.

‘ಹುಕ್ ಡಿಎಲ್‌ಎಲ್ ಸಿಗುತ್ತಿಲ್ಲ’ ಎಂದು ಬರುತ್ತಿದೆ. ಡಿಎಲ್‌ಎಲ್ ಕೊಡುವ ತಾಣದಿಂದ ತಂದು ಹಾಕಲೆ?

ಅದಂತೂ ಬೇಡವೇ ಬೇಡ. ಎಲ್ಲ ಪ್ರೋಗ್ರಾಮಿನೊಳಗೂ ಹೊಕ್ಕು ಕೀಲಿಗಳನ್ನು ನೋಡಬಲ್ಲ ಜಾತಿಯ ಫೈಲನ್ನು ಅಪರಿಚಿತರ ಕೈಯಿಂದ ತೆಗೆದುಕೊಳ್ಳುವುದು ಮನೆಯ ಬೀಗದ ಕೈಯನ್ನು ದಾರಿಹೋಕನಿಗೆ ಕೊಟ್ಟಂತೆ. ಆ ಪ್ರೋಗ್ರಾಮನ್ನು ಅದರ ತಯಾರಕರ ತಾಣದಿಂದ ಹೊಸದಾಗಿ ಹಾಕಿಕೊಳ್ಳಿ. ಪ್ರೋಗ್ರಾಂ ತೆಗೆದುಹಾಕಿ ಆಗಿದೆ, ದೂರು ಮಾತ್ರ ಪ್ರತಿ ಲಾಗಿನ್ನಿಗೂ ಬರುತ್ತಿದೆ ಎಂದಾದರೆ, ಶುರುವಿನಲ್ಲಿ ಓಡುವ ಪಟ್ಟಿಯಲ್ಲಿ ಅದರ ಹೆಸರು ಉಳಿದಿದೆ. ಆಟೋರನ್ಸ್ ತೆರೆದು ಆ ಸಾಲಿನ ಗುರುತು ತೆಗೆಯಿರಿ.

ಕೀಬೋರ್ಡ್, ಮೌಸ್ ಆಗಾಗ ತಡವರಿಸುತ್ತದೆ. ಹುಕ್ ಕಾರಣ ಇರಬಹುದೆ?

ಇರಬಹುದು. ಲೋ ಲೆವೆಲ್ ಹುಕ್ ಇದ್ದಾಗ ಪ್ರತಿ ಕೀಲಿಯೂ, ಮೌಸಿನ ಪ್ರತಿ ಚಲನೆಯೂ ಆ ಒಂದು ಥ್ರೆಡ್ಡಿನ ಉತ್ತರಕ್ಕೆ ಕಾಯುತ್ತದೆ. ಅದು ಡಿಸ್ಕಿಗೆ ಬರೆಯುತ್ತಲೋ ನೆಟ್‌ವರ್ಕಿಗೆ ಕಾಯುತ್ತಲೋ ಕೂತರೆ ಇಡೀ ಯಂತ್ರ ಅದರ ಮುಖ ನೋಡುತ್ತ ನಿಲ್ಲುತ್ತದೆ.

ಇದು ನನಗೆ ಪುಸ್ತಕದಿಂದ ಬಂದ ಜ್ಞಾನವಲ್ಲ. ಮೊದಲ ಸಲ ಮೌಸ್ ಹುಕ್ ಬರೆದಾಗ, ಹುಕ್ ಫಂಕ್ಷನ್ನಿನ ಮೊದಲ ಸಾಲಿನಲ್ಲಿ ಡಿಬಗರಿನ (ದೋಷ ಹುಡುಕುವ ಸಾಧನ) ಬ್ರೇಕ್‌ಪಾಯಿಂಟ್, ಅಂದರೆ ಕೋಡನ್ನು ಅಲ್ಲೇ ನಿಲ್ಲಿಸುವ ಗುರುತು ಇಟ್ಟೆ. ಮೌಸ್ ಅಲ್ಲಾಡಿಸಿದೆ, ಕೋಡ್ ಬ್ರೇಕ್‌ಪಾಯಿಂಟಿನಲ್ಲಿ ನಿಂತಿತು. ಮುಂದುವರಿಸಲು ಗುಂಡಿ ಒತ್ತಬೇಕು, ಒತ್ತಲು ಮೌಸ್ ಬೇಕು, ಮೌಸ್ ಅಲ್ಲಾಡಲು ನಿಂತ ಕೋಡ್ ಉತ್ತರ ಕೊಡಬೇಕು! ಬಾಣದ ಗುರುತು ಒಂದು ಹೆಜ್ಜೆ ಹೋಗುವುದು, ನಿಲ್ಲುವುದು, ಮತ್ತೊಂದು ಹೆಜ್ಜೆ. ಕೊನೆಗೆ ಕೀಬೋರ್ಡಿನಿಂದ ಡಿಬಗರ್ ಮುಚ್ಚಿ ಪಾರಾದೆ. ಅಂದಿನಿಂದ ಹುಕ್ ಒಳಗೆ ಬ್ರೇಕ್‌ಪಾಯಿಂಟ್ ಇಟ್ಟಿಲ್ಲ. ಹುಕ್ ನೋಡಿದ್ದನ್ನು ಒಂದು ಸರದಿ ಸಾಲಿಗೆ ಹಾಕಿ ಬೇರೆ ಥ್ರೆಡ್ಡಿನಲ್ಲಿ ಓದಿಕೊಳ್ಳುತ್ತೇನೆ.

ವಿಂಡೋಸ್ ಎಂದೆಂದಿಗೂ ಕಾಯುವುದಿಲ್ಲ. ಕಾಯುವ ಅವಧಿ ರಿಜಿಸ್ಟ್ರಿಯಲ್ಲಿ ‘ಲೋಲೆವೆಲ್‌ಹುಕ್ಸ್‌ಟೈಮ್‌ಔಟ್’ ಎಂಬ ಹೆಸರಿನಲ್ಲಿರುತ್ತದೆ. ವಿಂಡೋಸ್ 10ರ 1709 ಆವೃತ್ತಿಯಿಂದ ಅದು 1000 ಮಿಲಿಸೆಕೆಂಡ್, ಅಂದರೆ ಒಂದು ಸೆಕೆಂಡ್ ಮೀರುವಂತಿಲ್ಲ. ತಡ ಮಾಡುವ ಹುಕ್ಕನ್ನು ವಿಂಡೋಸ್ 7ರಿಂದ ಸದ್ದಿಲ್ಲದೆ ತೆಗೆದುಹಾಕಲಾಗುತ್ತದೆ. ಹುಕ್ ಹಾಕಿದ ಪ್ರೋಗ್ರಾಮಿಗೆ ‘ನಿನ್ನನ್ನು ತೆಗೆದೆವು’ ಎಂದು ಹೇಳುವ ಸೌಜನ್ಯವೂ ಇಲ್ಲ. ‘ಬೆಳಿಗ್ಗೆ ಶಾರ್ಟ್‌ಕಟ್ ಕೆಲಸ ಮಾಡುತ್ತಿತ್ತು, ಮಧ್ಯಾಹ್ನ ನಿಂತುಹೋಯಿತು, ಪ್ರೋಗ್ರಾಂ ಮುಚ್ಚಿ ತೆರೆದರೆ ಸರಿಹೋಗುತ್ತದೆ’ ಎಂಬ ದೂರಿನ ಹಿಂದೆ ಬಹಳ ಸಲ ಇರುವುದು ಇದೇ.

ನಿಮ್ಮಲ್ಲಿ ಯಾವುದು ಕಾರಣವೆಂದು ತಿಳಿಯಲು, ಗಡಿಯಾರದ ಪಕ್ಕದ ಐಕಾನುಗಳಲ್ಲಿ ಕೀಬೋರ್ಡ್, ಮೌಸ್, ಸ್ಕ್ರೀನ್‌ಶಾಟಿಗೆ ಸಂಬಂಧಿಸಿದ್ದನ್ನು ಒಂದೊಂದಾಗಿ ಮುಚ್ಚಿ ನೋಡಿ. ಎಲ್ಲವನ್ನೂ ಒಟ್ಟಿಗೆ ಮುಚ್ಚಿದರೆ ತಡವರಿಕೆ ಹೋದೀತು, ಕಾರಣ ತಿಳಿಯಲಾರದು.

ಬ್ರೌಸರ್ ಕ್ರ್ಯಾಶ್ ಆಗಿ ‘ಬೇರೆ ತಂತ್ರಾಂಶ ಕಾರಣ’ ಎಂದು ತೋರಿಸಿತು. ಏನಿದು?

ನಿಮ್ಮ ಬ್ರೌಸರಿನೊಳಗೆ ಯಾರದೋ ಡಿಎಲ್‌ಎಲ್ ಹೊಕ್ಕಿತ್ತು. ಬೇರೆಯವರ ಮೆಮೊರಿಯಲ್ಲಿ ಕೂತ ಕೋಡ್ ತಪ್ಪಿದರೆ ಸಾಯುವುದು ಮನೆಯವನು, ಅತಿಥಿಯಲ್ಲ, ಬೈಗುಳವೂ ಮನೆಯವನಿಗೇ. ಹೀಗೆ ಹೊಕ್ಕ ಕೋಡ್ ಇರುವ ಯಂತ್ರಗಳಲ್ಲಿ ಕ್ರೋಮ್ ಕ್ರ್ಯಾಶ್ ಆಗುವ ಸಂಭವ 15 ಶೇಕಡ ಹೆಚ್ಚು ಎಂದು ಗೂಗಲ್ 2017ರ ಕೊನೆಗೆ ಹೇಳಿತು. 2018ರಿಂದ ಕ್ರೋಮ್ ಮೊದಲು ಎಚ್ಚರಿಕೆ ಕೊಡಲು, ಆಮೇಲೆ ಅಂಥ ಡಿಎಲ್‌ಎಲ್‌ಗಳನ್ನು ತಡೆಯಲು ಶುರುಮಾಡಿತು. ಅಂಗವಿಕಲರಿಗೆ ನೆರವಾಗುವ ಸಾಧನಗಳು, ಬೇರೆ ಬೇರೆ ಭಾಷೆಗಳ ಟೈಪಿಂಗ್ ಸಾಧನಗಳು, ಮೈಕ್ರೋಸಾಫ್ಟಿನ ಸಹಿಯಿರುವ ಕೋಡ್ ಇವಕ್ಕೆ ವಿನಾಯಿತಿ ಕೊಟ್ಟದ್ದು ಒಳ್ಳೆಯ ವಿವೇಚನೆ.

ಮೆಸೇಜ್ ಹುಕ್ ಬಿಟ್ಟು ಬೇರೆ ಬಗೆಗಳಿವೆಯೆ?

ಇವೆ, ನಿಜವಾದ ಕುಶಲಗಾರಿಕೆ ಇರುವುದೇ ಅಲ್ಲಿ. ಇದುವರೆಗೆ ಹೇಳಿದ್ದೆಲ್ಲ ವಿಂಡೋಸ್ ಬಿಟ್ಟ ಗೇಟಿನಲ್ಲಿ ಅನುಮತಿ ಪಡೆದು ನಿಲ್ಲುವ ಮಾತು. ಇವು ಗೋಡೆಯಲ್ಲೇ ಕಿಂಡಿ ಕೊರೆಯುವ ಬಗೆಗಳು.

ಪ್ರತಿ ಪ್ರೋಗ್ರಾಮಿನಲ್ಲೂ ತಾನು ಹೊರಗಿನಿಂದ ಕರೆಯುವ ಫಂಕ್ಷನ್ನುಗಳ ವಿಳಾಸಪಟ್ಟಿ ಇರುತ್ತದೆ. ಫೈಲ್ ತೆರೆಯುವ ಫಂಕ್ಷನ್ನಿನ ವಿಳಾಸ ಅಳಿಸಿ ನಿಮ್ಮದನ್ನು ಬರೆದರೆ ಆ ಪ್ರೋಗ್ರಾಂ ಫೈಲ್ ತೆರೆಯುವಾಗಲೆಲ್ಲ ನಿಮ್ಮಲ್ಲಿಗೆ ಬರುತ್ತದೆ. ಇನ್ನೂ ಒರಟಾದ ದಾರಿಯೆಂದರೆ ಫಂಕ್ಷನ್ನಿನ ಮೊದಲ ಸಾಲುಗಳನ್ನೇ ತಿದ್ದುವುದು: ಮೊದಲ 5 ಬೈಟ್ ಎತ್ತಿಟ್ಟುಕೊಂಡು ಆ ಜಾಗಕ್ಕೆ ‘ಅಲ್ಲಿಗೆ ಹಾರು’ ಎಂಬ ಆದೇಶ ಬರೆಯುತ್ತಾರೆ. 32 ಬಿಟ್ ವಿಂಡೋಸಿನ ಎಷ್ಟೋ ಫಂಕ್ಷನ್ನುಗಳು ‘ಇಡಿಐಯನ್ನು (ಪ್ರೊಸೆಸರಿನೊಳಗಿನ ಒಂದು ಸಣ್ಣ ಖಾನೆ) ಇಡಿಐಗೇ ನಕಲು ಮಾಡು’ ಎಂಬ ಅರ್ಥಹೀನ 2 ಬೈಟ್ ಆದೇಶದಿಂದ ಶುರುವಾಗುವುದನ್ನು ನೋಡಿ ನಾನು ಒಂದು ಕಾಲದಲ್ಲಿ ನಕ್ಕಿದ್ದೆ. ಅದು ಪೆದ್ದುತನವಲ್ಲ. ಯಂತ್ರ ಓಡುತ್ತಿರುವಾಗಲೇ ತಿದ್ದುಪಡಿ ಹಾಕಲು ಮೈಕ್ರೋಸಾಫ್ಟ್ ಬೇಕೆಂದೇ ಬಿಟ್ಟ ಜಾಗ. ಫಂಕ್ಷನ್ನಿಗೆ ಮುಂಚೆ ಇನ್ನೊಂದು 5 ಬೈಟ್ ಖಾಲಿ ಇರುತ್ತದೆ, ಈ 2 ಬೈಟಿನಿಂದ ಅಲ್ಲಿಗೆ, ಅಲ್ಲಿಂದ ದೂರಕ್ಕೆ ಹಾರಬಹುದು. ಹುಕ್ ಹಾಕುವವರಿಗೂ ಅದು ಅನುಕೂಲವಾಯಿತು.

ಈ ಕೆಲಸವನ್ನು ಕೈಯಲ್ಲಿ ಮಾಡಲು ಹೋದರೆ ಬೈಟ್ ಲೆಕ್ಕ ತಪ್ಪುವುದು ಖಚಿತ. ಮೈಕ್ರೋಸಾಫ್ಟ್ ರಿಸರ್ಚಿನ ಗೇಲನ್ ಹಂಟ್ ಮತ್ತು ಡಗ್ ಬ್ರುಬೇಕರ್ 1999ರಲ್ಲಿ ಪ್ರಕಟಿಸಿದ ಡಿಟೂರ್ಸ್ ಲೈಬ್ರರಿ ಇದಕ್ಕೆಂದೇ ಹುಟ್ಟಿದ್ದು. ಈಗ ಎಂಐಟಿ ಪರವಾನಗಿಯಡಿ ಯಾರು ಬೇಕಾದರೂ ಬಳಸಬಹುದು.

ಕರ್ನಲ್ಲಿಗೇ ಹುಕ್ ಹಾಕಬಹುದಂತೆ?

ಕರ್ನಲ್ ಎಂದರೆ ಇಡೀ ಯಂತ್ರವನ್ನು ನಡೆಸುವ ವಿಂಡೋಸಿನ ಒಳತಿರುಳು. ಒಂದು ಕಾಲಕ್ಕೆ ಎಲ್ಲರೂ ಹಾಕುತ್ತಿದ್ದರು, ಆಂಟಿವೈರಸ್ಸುಗಳೂ ಸೇರಿ. 2005ರ ಅಕ್ಟೋಬರ್ 31ರಂದು ಸಿಸ್‌ಇಂಟರ್ನಲ್ಸ್‌ನ ಮಾರ್ಕ್ ರುಸಿನೊವಿಚ್ ಬಯಲಿಗೆಳೆದ, ಸೋನಿ ಬಿಎಂಜಿ ಎಂಬ ಸಂಗೀತ ಕಂಪನಿಯ ಪ್ರಕರಣದಿಂದ ಇದರ ಅಪಾಯ ಜನಸಾಮಾನ್ಯರಿಗೂ ತಿಳಿಯಿತು. ಸಂಗೀತದ ಸಿಡಿ ಹಾಕಿದವರ ಯಂತ್ರದಲ್ಲಿ ಒಂದು ಡ್ರೈವರ್ ಕೂತು ಕರ್ನಲ್ಲಿನ ಸೇವೆಗಳ ಪಟ್ಟಿಯನ್ನು ತಿದ್ದಿ, ಹೆಸರು ಡಾಲರ್ ಚಿಹ್ನೆ, ‘ಸಿಸ್’, ಮತ್ತೆ ಡಾಲರ್ ಚಿಹ್ನೆಯಿಂದ ಶುರುವಾಗುವ ಫೈಲುಗಳನ್ನೆಲ್ಲ ಮರೆಮಾಡುತ್ತಿತ್ತು. ಯಾವ ವೈರಸ್ ಆದರೂ ಆ ಅಕ್ಷರಗಳಿಂದ ಹೆಸರು ಶುರುಮಾಡಿಕೊಂಡರೆ ಅದಕ್ಕೂ ಆ ಮರೆ ಸಿಗುತ್ತಿತ್ತು ಎಂಬುದೇ ದೊಡ್ಡ ತಮಾಷೆ.

ಅದೇ ವರ್ಷ 64 ಬಿಟ್ ವಿಂಡೋಸಿನಲ್ಲಿ ಪ್ಯಾಚ್‌ಗಾರ್ಡ್ ಎಂಬ ಕಾವಲು ಬಂತು. ಕರ್ನಲ್ಲಿನ ಮುಖ್ಯ ಪಟ್ಟಿಗಳನ್ನು ಯಾರಾದರೂ ಮುಟ್ಟಿದ್ದು ಕಂಡರೆ ನೀಲಿ ಪರದೆ ತೋರಿಸಿ ಯಂತ್ರವನ್ನು ನಿಲ್ಲಿಸಿಬಿಡುತ್ತದೆ. ಈಗ ಭದ್ರತಾ ತಂತ್ರಾಂಶಗಳು ಮೈಕ್ರೋಸಾಫ್ಟೇ ಕೊಟ್ಟ ಅಧಿಕೃತ ದಾರಿಗಳಿಂದ ಪ್ರೊಸೆಸ್ ಹುಟ್ಟಿದ್ದನ್ನು, ಫೈಲ್ ತೆರೆದದ್ದನ್ನು ತಿಳಿದುಕೊಳ್ಳುತ್ತವೆ. ದಾರಿ ಅಧಿಕೃತವಾದರೂ ಕರ್ನಲ್ ಕರ್ನಲ್ಲೇ: 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪನಿಯ ಒಂದು ದೋಷಪೂರಿತ ಅಪ್‌ಡೇಟಿನಿಂದ ಮೈಕ್ರೋಸಾಫ್ಟ್ ಅಂದಾಜಿನಂತೆ 85 ಲಕ್ಷ ವಿಂಡೋಸ್ ಯಂತ್ರಗಳು ಮಲಗಿದವು. ನಿಮ್ಮ ಪ್ರೋಗ್ರಾಮಿನೊಳಗಿನ ಡಿಎಲ್‌ಎಲ್ ತಪ್ಪಿದರೆ ಆ ಪ್ರೋಗ್ರಾಂ ಸಾಯುತ್ತದೆ, ಕರ್ನಲ್ಲಿನಲ್ಲಿ ತಪ್ಪಿದರೆ ಎಲ್ಲವೂ.

ಲಿನಕ್ಸ್, ಮ್ಯಾಕ್‌ನಲ್ಲಿ ಇದೆಲ್ಲ ಇಲ್ಲವೆ?

ಹೆಸರು ಬೇರೆ, ಹೂರಣ ಅದೇ. ಲಿನಕ್ಸ್‌ನಲ್ಲಿ ‘ಎಲ್‌ಡಿ ಪ್ರಿಲೋಡ್’ ಎಂಬ ವೇರಿಯಬಲ್ಲಿಗೆ ನಿಮ್ಮ ಲೈಬ್ರರಿಯ ದಾರಿ ಕೊಟ್ಟು ಪ್ರೋಗ್ರಾಂ ಓಡಿಸಿದರೆ, ಒಂದೇ ಹೆಸರಿನ ಫಂಕ್ಷನ್ ಎರಡೂ ಕಡೆ ಇದ್ದಾಗ ನಿಮ್ಮದೇ ಮೊದಲು ಸಿಗುತ್ತದೆ. ಸಮಯ ಕೇಳುವ ಫಂಕ್ಷನ್ನನ್ನು ಹೀಗೆ ಬದಲಿಸಿ ಪ್ರೋಗ್ರಾಮಿಗೆ ಹೋದ ವರ್ಷದ ತಾರೀಖು ತೋರಿಸಬಹುದು. ಪರೀಕ್ಷೆ ಮಾಡುವವರಿಗೆ ಬಹಳ ಉಪಯೋಗ. ಹೆಚ್ಚಿನ ಅಧಿಕಾರ ಪಡೆದು ಓಡುವ ಸೆಟ್‌ಯುಐಡಿ ಪ್ರೋಗ್ರಾಮುಗಳಲ್ಲಿ ಈ ಆಟ ನಡೆಯದು, ಲೈಬ್ರರಿಗಳನ್ನೆಲ್ಲ ತನ್ನೊಳಗೇ ಕಟ್ಟಿಕೊಂಡ ಪ್ರೋಗ್ರಾಮುಗಳಲ್ಲೂ ನಡೆಯದು. ಫೈಲ್ ಬದಲಾವಣೆ ತಿಳಿಯುವುದಷ್ಟೇ ಬೇಕಾದರೆ 2005ರಲ್ಲಿ ಕರ್ನಲ್ 2.6.13ಕ್ಕೆ ಸೇರಿದ ಐನೋಟಿಫೈ ಇದೆ, ಯಾರ ಮನೆಗೂ ನುಗ್ಗಬೇಕಿಲ್ಲ. ಕೀಲಿಗಳ ವಿಷಯದಲ್ಲಿ ಪರದೆಗೆ ವಿಂಡೋ ಮೂಡಿಸುವ ಹಳೆಯ ವ್ಯವಸ್ಥೆಯಾದ ಎಕ್ಸ್11 ಧಾರಾಳಿ, ಯಾವ ಪ್ರೋಗ್ರಾಂ ಬೇಕಾದರೂ ಇನ್ನೊಬ್ಬರ ಕೀಲಿ ಕೇಳಿಸಿಕೊಳ್ಳಬಹುದು. ಅದರ ಜಾಗಕ್ಕೆ ಬಂದ ವೇಲ್ಯಾಂಡ್ ಆ ಬಾಗಿಲು ಹಾಕಿತು.

ಮ್ಯಾಕ್‌ನಲ್ಲೂ ಇಂಥದೇ ವೇರಿಯಬಲ್ ಇದೆ, ಆದರೆ 2015ರಲ್ಲಿ ಬಂದ ಸಿಸ್ಟಂ ರಕ್ಷಣೆಯ ನಂತರ ಆಪಲ್‌ನ ಸ್ವಂತ ಪ್ರೋಗ್ರಾಮುಗಳ ಮೇಲೆ ಅದು ನಡೆಯುವುದಿಲ್ಲ. 2019ರ ಕೆಟಲೀನಾದಿಂದ ಕೀಲಿಗಳನ್ನು ಆಲಿಸುವ ಪ್ರೋಗ್ರಾಂ ‘ಇನ್‌ಪುಟ್ ಮಾನಿಟರಿಂಗ್’ ಎಂಬ ಅನುಮತಿಯನ್ನು ನಿಮ್ಮಿಂದ ಪಡೆಯಲೇಬೇಕು. ವಿಂಡೋಸಿಗೂ ಇಂಥ ಒಂದು ಪಟ್ಟಿ ಇದ್ದಿದ್ದರೆ ನನಗೆ ಬರುವ ಪ್ರಶ್ನೆಗಳು ಅರ್ಧಕ್ಕರ್ಧ ಕಡಿಮೆಯಾಗುತ್ತಿದ್ದವು.

ನಾನೇ ಒಂದು ಹುಕ್ ಬರೆಯಬೇಕೆಂದಿದ್ದೇನೆ. ಎಲ್ಲಿಂದ ಶುರುಮಾಡಲಿ?

ಹುಕ್ ಬೇಕೇ ಎಂದು ಕೇಳಿಕೊಳ್ಳುವುದರಿಂದ. ಒಂದು ಶಾರ್ಟ್‌ಕಟ್ ಕೀಲಿ ಸಾಕೆಂದರೆ ರಿಜಿಸ್ಟರ್‌ಹಾಟ್‌ಕೀ ಎಂಬ ಫಂಕ್ಷನ್ ಇದೆ. ಆ ಒಂದು ಕೀಲಿ ಬಿಟ್ಟು ಬೇರೇನೂ ನಿಮಗೆ ಕಾಣದು, ಕಾಣಬಾರದು ಕೂಡ. ಯಾವ ವಿಂಡೋ ಮುಂದೆ ಬಂತು ಎಂದು ತಿಳಿಯಲು ಸೆಟ್‌ವಿನ್‌ಈವೆಂಟ್‌ಹುಕ್ಕನ್ನು ಡಿಎಲ್‌ಎಲ್ ಇಲ್ಲದೆಯೇ ಬಳಸಬಹುದು. ಇವು ಸಾಲದಿದ್ದರೆ ಮಾತ್ರ ಲೋ ಲೆವೆಲ್ ಹುಕ್, ಅದೂ ಸಾಲದಿದ್ದರೆ ಡಿಎಲ್‌ಎಲ್.

ಬರೆಯುವಾಗ ಎಲ್ಲರೂ ಎಡವುವ ಕಲ್ಲು ಒಂದಿದೆ: ಲೋ ಲೆವೆಲ್ ಹುಕ್ ಹಾಕಿದ ಥ್ರೆಡ್ಡಿನಲ್ಲಿ ಮೆಸೇಜ್ ಲೂಪ್ (ಸಾಲಿನಿಂದ ಮೆಸೇಜುಗಳನ್ನು ಒಂದಾದ ಮೇಲೊಂದು ಎತ್ತಿಕೊಳ್ಳುತ್ತಲೇ ಇರುವ ಕೋಡ್) ಓಡುತ್ತಿರಲೇಬೇಕು. ಹುಕ್ ಹಾಕಿ ನಿದ್ರೆಗೆ ಕಳಿಸಿದರೆ ‘ಹುಕ್ ಯಶಸ್ವಿ’ ಎಂದು ಬರುತ್ತದೆ, ನಿಮ್ಮ ಫಂಕ್ಷನ್ ಮಾತ್ರ ಎಂದೂ ಎಚ್ಚರಗೊಳ್ಳುವುದಿಲ್ಲ. ಹುಕ್ ಒಳಗೆ ಕೆಲಸ ಮಾಡಬೇಡಿ. ನೋಡಿದ್ದನ್ನು ಸಾಲಿಗೆ ಹಾಕಿ ಹೊರಬನ್ನಿ. ಬೇರೆಯವರ ಯಂತ್ರದಲ್ಲಿ ಅವರಿಗೆ ತಿಳಿಸದೆ ಓಡಿಸಲು ಹೇಗೆ ಎಂದು ಕೇಳುವವರಿಗೆ ನಾನು ಉತ್ತರ ಕೊಡುವುದಿಲ್ಲ.

ಪ್ರೋಗ್ರಾಂ ತೆಗೆದುಹಾಕಿದೆ, ಆದರೂ ಡಿಎಲ್‌ಎಲ್ ‘ಬಳಕೆಯಲ್ಲಿದೆ’ ಎಂದು ಹಟ ಮಾಡುತ್ತಿದೆ. ಏನೋ ಅವಿತಿದೆಯೆ?

ಬಹುಶಃ ಇಲ್ಲ. ಹುಕ್ ಕಳಚಿದ ತಕ್ಷಣ ಡಿಎಲ್‌ಎಲ್ ಎಲ್ಲ ಪ್ರೊಸೆಸ್ಸುಗಳಿಂದಲೂ ಎದ್ದು ಹೋಗುವುದಿಲ್ಲ. ಒಂದೊಂದು ಪ್ರೊಸೆಸ್ಸೂ ಮುಂದಿನ ಮೆಸೇಜ್ ತೆಗೆದುಕೊಂಡಾಗಲಷ್ಟೇ ಅದನ್ನು ಇಳಿಸುತ್ತದೆ. ಯಾವುದೋ ಮೂಲೆಯಲ್ಲಿ ಮೆಸೇಜೇ ಬಾರದೆ ತೂಕಡಿಸುತ್ತಿರುವ ಪ್ರೊಸೆಸ್ ಅದನ್ನು ಗಂಟೆಗಟ್ಟಲೆ ಹಿಡಿದುಕೊಂಡಿರಬಹುದು. ಸೈನ್ ಔಟ್ ಮಾಡಿ ಬನ್ನಿ, ಸಾಮಾನ್ಯವಾಗಿ ಫೈಲ್ ಬಿಡುಗಡೆಯಾಗುತ್ತದೆ. ಅದರ ಜತೆ ಡ್ರೈವರ್ ಕೂಡ ಇದ್ದಿದ್ದರೆ ಯಂತ್ರವನ್ನು ಹೊಸದಾಗಿ ಎಬ್ಬಿಸಬೇಕು. ಆಗ ಮೆನುವಿನಲ್ಲಿ ‘ರೀಸ್ಟಾರ್ಟ್’ ಒತ್ತಿ, ‘ಶಟ್‌ಡೌನ್’ ಅಲ್ಲ. ಫಾಸ್ಟ್ ಸ್ಟಾರ್ಟಪ್ ಚಾಲೂ ಇದ್ದರೆ ಶಟ್‌ಡೌನ್ ಮಾಡಿದಾಗ ಕರ್ನಲ್ ಡಿಸ್ಕಿನಲ್ಲಿ ಮಲಗಿರುತ್ತದೆ, ಮರುದಿನ ಹಳೆಯ ಡ್ರೈವರನ್ನು ಹಾಗೇ ಹೊತ್ತುಕೊಂಡು ಏಳುತ್ತದೆ.